ಕ್ಯಾಮೆರಾ ಇಳಿಸುವ ಕೈ

ಪಂಚಾಕ್ಷರಿ ನನ್ನ ಹೆಂಡತಿಯ ತಮ್ಮ. ಮೈಸೂರಿನಲ್ಲಿ ಹದಿನೆಂಟು ವರ್ಷ ಮದುವೆ ವಿಡಿಯೊ ತೆಗೆದವನು, ನರ್ಸ್ ಹೆಂಡತಿಯ ಜೊತೆ ಆಸ್ಟ್ರೇಲಿಯಾದ ಅಡಿಲೇಡಿಗೆ ಬಂದ ಮೇಲೂ ಕ್ಯಾಮೆರಾ ಬಿಡಲಿಲ್ಲ. ಈಗ ಎಲ್ಲರ ಕೈಯಲ್ಲೂ ಫೋನು, ಇವನನ್ನು ಕರೆಯುವವರಿಲ್ಲ. ಗೋದಾಮಿನಲ್ಲಿ ಪೆಟ್ಟಿಗೆ ಎತ್ತಿ ಎತ್ತಿ ಸೊಂಟ ಬಿದ್ದುಹೋಗಿದೆ.

ಹೋದ ವರ್ಷ ಅಮೆರಿಕದ ಎರಡು ಫುಟ್‌ಬಾಲ್ ತಂಡಗಳು ಪರ್ತ್, ಬ್ರಿಸ್ಬೇನ್, ಅಡಿಲೇಡ್‌ಗಳಲ್ಲಿ ಒಂದೊಂದು ಆಟ ಆಡಲು ಬಂದವು. ಹೆಸರಿಗೆ ಫುಟ್‌ಬಾಲ್. ಕಾಲಿಗೆ ಕೆಲಸ ಕಡಿಮೆ, ಹೆಲ್ಮೆಟ್ ಹಾಕಿಕೊಂಡು ಗೂಳಿಗಳ ಹಾಗೆ ಗುದ್ದುವುದೇ ಹೆಚ್ಚು. ಇದರ ಮೇಲೆ ಒಂದು ಸಾಕ್ಷ್ಯಚಿತ್ರ ತೆಗೆಯುತ್ತಿದ್ದರು. ಆಟ ಹಿಡಿಯಲು ಬೇರೆಯವರಿದ್ದರು. ನೋಡಲು ಬಂದ ಜನರ ಮುಖ, ಕೂಗು, ಕುಣಿತ ಹಿಡಿಯುವುದು ಪಂಚಾಕ್ಷರಿಯ ಕೆಲಸ. ಒಂದು ಆಟದ ಕೆಲಸ ನೋಡಿ ಮುಂದಿನದು ಕೊಡುತ್ತೇವೆ ಎಂದಿದ್ದರು. ಇದು ಗಟ್ಟಿಯಾದರೆ ಗೋದಾಮು ಬಿಡುವುದು ಅವನ ಆಸೆ. ಟ್ರೈಪಾಡ್ ಹೊರಲು ನಾನು.

ಪರ್ತ್‌ನಲ್ಲಿ ಊಟದ ಪಂಕ್ತಿ ಹಿಡಿದ ಹಾಗೆ ಸಾಲು ಸಾಲಾಗಿ, ಒಂದು ಮುಖವೂ ಬಿಡದೆ ಹಿಡಿದ. ಅಷ್ಟರಲ್ಲಿ ಒಬ್ಬ ಆಟಗಾರ ಬಿದ್ದವನು ಏಳಲಿಲ್ಲ. ಐವತ್ತು ಸಾವಿರ ಜನ ಗಪ್ಪನೆ ಸುಮ್ಮನಾದರು. ಪಂಚಾಕ್ಷರಿ ಕ್ಯಾಮೆರಾ ಆಫ್ ಮಾಡಿ ಇಳಿಸಿಬಿಟ್ಟ. ಮಂಟಪದಲ್ಲಿ ಯಾರಾದರೂ ಕುಸಿದು ಬಿದ್ದರೆ ಇಳಿಸಬೇಕೆಂದು ಕಲಿತ ಕೈ ಅದು. ಆಟಗಾರನೇನೋ ಐದು ನಿಮಿಷಕ್ಕೆ ಎದ್ದು ನಡೆದ.

ಚಿತ್ರದ ಉಸ್ತುವಾರಿ ನಿಕಿತಾ ಅಂತ, ಆಸ್ಟ್ರೇಲಿಯಾದಲ್ಲೇ ಬೆಳೆದ ಕನ್ನಡದ ಹುಡುಗಿ. ಓಡಿ ಬಂದಳು.

"ಅಂಕಲ್, ಆ ಸೈಲೆನ್ಸ್! ನಂಗೆ ಅದೇ ಬೇಕಿತ್ತು. ಯಾಕೆ ಆಫ್ ಮಾಡಿದ್ರಿ?"

"ಅಂಥ ಹೊತ್ತಲ್ಲಿ ಹಿಡೀಬಾರ್ದಮ್ಮ."

"ಇದೇನ್ ಮದ್ವೆನಾ? ಬ್ರಿಸ್ಬೇನ್ ಲಾಸ್ಟ್ ಚಾನ್ಸ್, ಓಕೆ?"

ಅವಳು ಆಚೆ ಹೋದ ಮೇಲೆ ನಾನು ಪಂಚಾಕ್ಷರಿಗೆ, "ಇನ್ನೊಬ್ಬ ಬೀಳ್ಲಿ ಅಂತ ಕಾಯ್ತಾ ಕೂರ್ತೀಯೇನೋ?" ಎಂದೆ.

"ಸುಮ್ನಿರಿ ಭಾವ. ಸೋಮವಾರ ಪೆಟ್ಟಿಗೆ ಎತ್ತೋನು ನಾನು, ನೀವಲ್ಲ."

ಬ್ರಿಸ್ಬೇನ್‌ನಲ್ಲಿ ಇಬ್ಬರ ತಲೆಗೆ ತಲೆ ಬಡಿದು ಒಬ್ಬ ಬಿದ್ದ, ಕೈಕಾಲು ಆಡಲಿಲ್ಲ. ಪಂಚಾಕ್ಷರಿಯ ಕೈ ಈ ಸಲ ಇಳಿಯಲಿಲ್ಲ. ಆಟಗಾರರ ಮನೆಯವರು ಕೂರುವ ಕಡೆ, ಬಿದ್ದವನದೇ ನಂಬರಿನ ಅಂಗಿ ತೊಟ್ಟ ಹೆಣ್ಣುಮಗಳು ಎದ್ದು ನಿಂತಿದ್ದಳು. ಕ್ಯಾಮೆರಾ ಅವಳ ಮುಖದ ಮೇಲೆ ಹೋಗಿ ಕೂತಿತು. ಅವಳು ಅದನ್ನು ಕಂಡು, ಬೇಡ ಎಂದು ಅಂಗೈ ಅಡ್ಡ ಹಿಡಿದಳು.

"ಇಳ್ಸೋ ಮುಟ್ಠಾಳ!" ಎಂದೆ.

ಇಳಿಸಲಿಲ್ಲ. ಅವಳು ಮುಖ ಮುಚ್ಚಿಕೊಂಡು ಕೂರುವವರೆಗೂ ಹಿಡಿದ. ನಾವು ಮೈದಾನದ ಕಡೆ ತಿರುಗುವ ಹೊತ್ತಿಗೆ ಬಿದ್ದವನನ್ನು ಗಾಡಿಯಲ್ಲಿ ಮಲಗಿಸಿ ಒಳಗೆ ಒಯ್ದಾಗಿತ್ತು.

ಆಟ ಮುಗಿದ ಮೇಲೆ ನಿಕಿತಾ ಬಂದು, "ಏನ್ ಶಾಟ್ ಅಂಕಲ್! ಅಡಿಲೇಡ್ ನಿಮ್ದೇ. ಬರ್ತೀರಾ ತಾನೆ?" ಎಂದಳು.

"ಬರ್ತೀನಮ್ಮ," ಎಂದ. ಆಮೇಲೆ, "ಆ ಹುಡುಗ ಹೇಗಿದ್ದಾನೆ?"

"ಚೆಕ್ ಮಾಡಿ ಹೇಳ್ತೀನಿ," ಎಂದವಳು ಯಾರದೋ ಫೋನ್ ಬಂತೆಂದು ಹೋದಳು.

ಜನ ಖಾಲಿಯಾದರು, ಗುಡಿಸುವವರು ಬಂದರು. ಪಂಚಾಕ್ಷರಿ ಮೆಟ್ಟಿಲ ಮೇಲೆ ಕೂತೇ ಇದ್ದ.

"ಏಳೋ, ವಿಮಾನಕ್ಕೆ ಹೊತ್ತಾಯ್ತು."

"ಇರಿ ಭಾವ, ಹೇಳ್ತೀನಿ ಅಂದಿದ್ದಾಳಲ್ಲ," ಎಂದ.