ಜಿಪ್ಪಕ್ಕನ ಬಸವನಹುಳು ಟೀವಿಗೆ ಬಂದದ್ದು

ಲಾಂಡ್ರಿ ಅಂಗಡಿಯ ಹಿಂಬದಿಯಲ್ಲಿ, ಇಸ್ತ್ರಿಯ ಹಬೆ ಬಂದು ಕನ್ನಡಕಕ್ಕೆ ಬಡಿಯುವ ಮೂಲೆಯಲ್ಲಿ, ಹೊಲಿಗೆ ಯಂತ್ರದ ಮುಂದೆ ಕೂರುವ ಹೆಂಗಸನ್ನು ಬೀದಿಯವರೆಲ್ಲ ಜಿಪ್ಪಕ್ಕ ಎಂದೇ ಕರೆಯುತ್ತಿದ್ದರು. ಕೆಟ್ಟ ಜಿಪ್ಪು ಬಿಚ್ಚಿ ಹೊಸದು ಕೂರಿಸುವುದು, ಉದ್ದದ ಪ್ಯಾಂಟು ಮೋಟು ಮಾಡುವುದು, ಹೊಟ್ಟೆ ಬಂದವರಿಗೆ ಸೊಂಟ ಬಿಡಿಸಿಕೊಡುವುದು ಅವಳ ಕೆಲಸ. "ಬಟ್ಟೆ ಕುಗ್ಗಿಬಿಟ್ಟಿದೆ ಕಣಮ್ಮ" ಎಂದು ಬರುವ ಗಂಡಸರಿಗೆ "ಹೌದಣ್ಣ, ಈ ವರ್ಷ ಎಲ್ಲರದೂ ಕುಗ್ತಾ ಇದೆ" ಎಂದು ಹೇಳಿ, ತುಟಿಯಲ್ಲಿ ಕಚ್ಚಿಕೊಂಡ ಗುಂಡುಸೂಜಿ ಕದಲದ ಹಾಗೆ ನಗುವುದು ಅವಳಿಗೆ ಕರಗತವಾಗಿತ್ತು.

ಅಂಗಡಿ ಮುಚ್ಚಿದರೆ ಮನೆ ತೆರೆಯುತ್ತಿತ್ತು. ಮನೆಯಲ್ಲಿ ಗಂಡ, ಅತ್ತೆ, ಮಗಳು. ಗಂಡ ಲಿಫ್ಟ್ ರಿಪೇರಿಯವನು. ಊರಿನ ಅರ್ಧ ಕಟ್ಟಡಗಳು ಅವನಿಂದಾಗಿಯೇ ಮೇಲೆ ಕೆಳಗೆ ಓಡಾಡುತ್ತಿವೆ ಎಂಬ ಭಾವನೆ ಅವನಿಗೆ. ಮನೆಗೆಲಸದಲ್ಲಿ ಅವನ ಪಾಲಿಗೆ ಬಂದದ್ದು ಬಲ್ಬು ಬದಲಿಸುವುದು. ಈಗಿನ ಬಲ್ಬುಗಳು ವರ್ಷಗಟ್ಟಲೆ ಬಾಳುತ್ತವೆ. ಅತ್ತೆಗೆ ಮಂಡಿನೋವು, ಬಾಯಿಗೆ ಮಾತ್ರ ಯಾವ ನೋವೂ ಇಲ್ಲ. ಮಗಳು ಪಾರ್ಸೆಲ್ ಆಫೀಸಿನಲ್ಲಿ ಪೆಟ್ಟಿಗೆ ವಿಂಗಡಿಸುವವಳು, ಮನೆಗೆ ಬಂದ ಮೇಲೆ ಇನ್ನೊಂದು ಪೆಟ್ಟಿಗೆ ಎತ್ತಿಡು ಎಂದರೆ ಅಳುವವಳು.

ಇಷ್ಟರ ನಡುವೆ ಜಿಪ್ಪಕ್ಕನಿಗೆ ಒಂದು ಸುಖವಿತ್ತು. ಮಗಳು ಶಾಲೆಯ ದಿನಗಳಲ್ಲಿ ಆಡಿ ಬಿಸಾಕಿದ, ಅಂಗೈ ಅಗಲದ ವಿಡಿಯೋ ಗೇಮು. ಅದು ಅಕ್ಕಿ ಡಬ್ಬಿಯ ಹಿಂದೆ ಇರುತ್ತಿತ್ತು. ಅದಕ್ಕೆ ಇದ್ದದ್ದು ಒಂದೇ ಕ್ಯಾಸೆಟ್ಟು, ಅದರಲ್ಲಿ ಒಂದು ಬಸವನಹುಳು. ಹುಳು ಬೆನ್ನ ಮೇಲೆ ಮನೆ ಹೊತ್ತು ಗೋಡೆ ಹತ್ತಬೇಕು, ಮೇಲಿನಿಂದ ಉಪ್ಪಿನ ಹರಳು ಸುರಿಯುತ್ತವೆ, ತಗುಲಿದರೆ ಕೆಳಗೆ. ಬೇರೆ ಗೋಡೆಗಳನ್ನೆಲ್ಲ ಅವಳು ಯಾವತ್ತೋ ದಾಟಿದ್ದಳು. ಕೊನೆಯ ಗೋಡೆಯ ತುದಿಯಲ್ಲಿ ಒಂದು ತೋಟವಿದೆಯಂತೆ. ಅದೊಂದು ಸಿಕ್ಕಿರಲಿಲ್ಲ.

ಸಿಗದಿದ್ದುದಕ್ಕೆ ಕಾರಣವೂ ಅವಳಿಗೆ ಗೊತ್ತಿತ್ತು. ಹಾಲು ಉಕ್ಕುವುದರೊಳಗೆ ಒಂದಿಷ್ಟು ಹತ್ತುವುದು, ಬಟನ್ ಒತ್ತಿ ನಿಲ್ಲಿಸುವುದು, ಹಾಲು ಇಳಿಸುವುದು. ಮತ್ತೆ ಒಂದಿಷ್ಟು. "ಅಮ್ಮಾ, ಟವೆಲ್ಲು!" ನಿಲ್ಲಿಸು. "ಏ, ನನ್ನ ಸಾಕ್ಸು ನೋಡಿದ್ಯಾ?" ನಿಲ್ಲಿಸು. ಆಟ ನಿಂತಲ್ಲೇ ನಿಂತು ಕಾಯುತ್ತಿತ್ತು ನಿಜ, ಕೈ ಕಾಯಬೇಕಲ್ಲ! ಆ ಗೋಡೆಗೆ ಒಂದು ಲಯವಿತ್ತು. ಸಾಕ್ಸು ಹುಡುಕಿ ಬಂದ ಹೆಬ್ಬೆರಳಿಗೆ ಅದು ಮರೆತುಹೋಗಿರುತ್ತಿತ್ತು. ಹುಳು ದೊಪ್ಪನೆ ಬೀಳುತ್ತಿತ್ತು.

ಆಮೇಲೆ ಕಣ್ಣೂ ಕೈಕೊಟ್ಟಿತು. ಆ ಪುಟ್ಟ ಬೂದುಬಣ್ಣದ ಪರದೆಯಲ್ಲಿ ಹುಳು ಯಾವುದು, ಉಪ್ಪು ಯಾವುದು ಎಂದೇ ತಿಳಿಯದಾಯಿತು. ಹಗಲೆಲ್ಲ ಕಪ್ಪು ಬಟ್ಟೆಗೆ ಕಪ್ಪು ದಾರ ಹಾಕುವ ಕಣ್ಣು ಇನ್ನೆಷ್ಟು ದುಡಿದೀತು? ಅವಳು ಆಟವನ್ನು ಡಬ್ಬಿಯ ಹಿಂದೆ ಇಟ್ಟವಳು ತೆಗೆಯಲೇ ಇಲ್ಲ. ಯಾರಿಗೂ ಹೇಳಲಿಲ್ಲ. ಹೇಳುವಂಥದ್ದೇನು, ಐವತ್ತು ದಾಟಿದ ಹೆಂಗಸಿಗೆ ಬಸವನಹುಳು ಕಾಣುತ್ತಿಲ್ಲ ಎಂದೇ?

ಮಗಳು ಗಮನಿಸಿದ್ದಳು. ಒಂದು ಸಂಜೆ, ಹಳೇ ಸಾಮಾನಿನ ಅಂಗಡಿಯಿಂದ ಇಟ್ಟಿಗೆಯಂಥದ್ದೇನನ್ನೋ ತಂದು ಮೇಜಿನ ಮೇಲಿಟ್ಟಳು.

"ಅಪ್ಪನ ಹಳೇ ಗೇಮ್ ಮೆಷಿನ್ನು ಬೀರು ಮೇಲಿದೆಯಲ್ಲ, ಅದಕ್ಕೆ ಇದನ್ನ ಹಾಕೋದು. ಇದರ ತಲೆ ಮೇಲೆ ನಿನ್ನ ಪುಟಾಣಿ ಕ್ಯಾಸೆಟ್ಟು. ಆಗ ನಿನ್ನ ಹುಳ ಟೀವೀಲಿ ಬರುತ್ತೆ."

"ಟೀವೀಲಾ? ಎಲ್ಲರ ಎದುರಿಗಾ?" ಒರೆಸಿಕೊಳ್ಳುತ್ತಿದ್ದ ಜಿಪ್ಪಕ್ಕನ ಕೈ ಸೆರಗಿನಲ್ಲೇ ಉಳಿಯಿತು.

"ಮತ್ತೆ ಟೀವೀನ ಅಡುಗೆಮನೆಗೆ ತರಕ್ಕಾಗುತ್ತಾ?"

ಗಂಡ ಬ್ರಹ್ಮಚಾರಿಯಾಗಿದ್ದಾಗ ಕೊಂಡು ಎರಡು ದಿನವೂ ಆಡದ ಆ ಯಂತ್ರವನ್ನು ಇಳಿಸಿ, ಧೂಳು ಕೊಡವಿ, ಅದರ ಬಾಯಿಗೆ ಉಫ್ ಎಂದು ಊದಿದ. ಯಂತ್ರದಲ್ಲಿ ಇಟ್ಟಿಗೆ, ಇಟ್ಟಿಗೆಯಲ್ಲಿ ಕ್ಯಾಸೆಟ್ಟು. ಟೀವಿ ಮಿನುಗಿತು. ಆಟದ ಚೌಕ ಟೀವಿಯಷ್ಟು ಅಗಲವಿರಲಿಲ್ಲವಾದ್ದರಿಂದ ಸುತ್ತ ಒಂದು ಚಿತ್ತಾರದ ಚೌಕಟ್ಟು ಬಂತು. ಅದರ ನಡುವೆ, ಬೂದು ಬಣ್ಣವೆಲ್ಲ ಕಂದು ಹಳದಿಗೆ ತಿರುಗಿ, ಹುಳು ಬಂದು ನಿಂತಿತು.

"ಇದೇನೇ ಇದು, ಬೆಕ್ಕಾ?" ಎಂದರು ಅತ್ತೆ.

"ಬಸವನಹುಳು ಅತ್ತೆ."

"ಬೆನ್ನ ಮೇಲೇನು?"

"ಮನೆ."

"ಪಾಪ, ಅದಕ್ಕೂ ತಪ್ಪಿಲ್ಲ" ಎಂದು ಅತ್ತೆ ಕುರ್ಚಿ ಮುಂದಕ್ಕೆ ಎಳೆದುಕೊಂಡರು.

ಜಿಪ್ಪಕ್ಕನಿಗೆ ಉಪ್ಪಿನ ಒಂದೊಂದು ಹರಳೂ ಕಾಣುತ್ತಿತ್ತು. ಹುಳುವಿಗೆ ಕಣ್ಣುರೆಪ್ಪೆ ಇದೆಯೆಂದು ಅವಳಿಗೆ ಗೊತ್ತಾದದ್ದೇ ಅಂದು. ಕೊನೆಯ ಗೋಡೆ ಶುರುವಾಗಿ ಕೈಗೆ ಲಯ ಸಿಕ್ಕಿತು ಅನ್ನುವಷ್ಟರಲ್ಲಿ ಅತ್ತೆ ಮೂಗರಳಿಸಿದರು. "ಅನ್ನ ತಳ ಹಿಡೀತಿದೆ ಅನ್ಸುತ್ತೆ ಕಣೇ."

ಅವಳ ಹೆಬ್ಬೆರಳು ಅಭ್ಯಾಸಬಲದಿಂದ ನಿಲ್ಲಿಸುವ ಬಟನ್ನಿನ ಕಡೆ ಹೊರಟಿತು.

"ತಡಿ ತಡಿ ತಡಿ!" ಗಂಡ ಎರಡೂ ಕೈ ಎತ್ತಿದ. "ಮಧ್ಯದಲ್ಲಿ ನಿಲ್ಲಿಸಿಬಿಟ್ಟೀಯ! ಹಳೇ ಮೆಷಿನ್ನು. ಚಿಕ್ಕದರ ಭಾರ ದೊಡ್ಡದು ಹೊತ್ಕೊಂಡಿದೆ. ಲಿಫ್ಟೂ ಹಾಗೇ, ಎರಡು ಮಹಡಿ ಮಧ್ಯೆ ನಿಂತ್ರೆ ಮೋಟಾರು ಸುಟ್ಟೋಗುತ್ತೆ. ನೀನು ಮುಗಿಸು. ಅನ್ನ ತಾನೇ? ನಾನು ಇಳಿಸ್ತೀನಿ."

ಹೇಳಿದವನೇ ಎದ್ದುಹೋದ.

ಮಗಳು ಅಮ್ಮನ ಮುಖ ನೋಡಿದಳು. ಅಮ್ಮ ಮಗಳ ಮುಖ ನೋಡಲಿಲ್ಲ. ಮಗಳು ಬಾಯಿಗೆ ಇಡೀ ಬಿಸ್ಕತ್ತು ತುರುಕಿಕೊಂಡು ಸುಮ್ಮನಾದಳು. "ಹೂಂ" ಎಂದಳು ಜಿಪ್ಪಕ್ಕ, ಅಷ್ಟೇ. ಅವಳು ಸುಳ್ಳು ಹೇಳಿದಳು ಎಂದು ಯಾರೂ ಅನ್ನುವ ಹಾಗಿಲ್ಲ. ಹೂಂ ಎಂಬುದು ಸುಳ್ಳಾಗಿದ್ದರೆ ಎಷ್ಟೋ ಸಂಸಾರಗಳು ಉಳಿಯುತ್ತಿರಲಿಲ್ಲ.

ಅಲ್ಲಿಂದ ಮುಂದೆ ಸಂಜೆ ಟೀವಿಯ ಮುಂದೆ ಹುಳು ಹತ್ತುವಷ್ಟು ಹೊತ್ತು ಜಿಪ್ಪಕ್ಕನನ್ನು ಯಾರೂ ಎಬ್ಬಿಸುವಂತಿರಲಿಲ್ಲ. ಲಿಫ್ಟ್ ರಿಪೇರಿಯವನೇ ಹಾಕಿದ ಕಾನೂನು ಅದು, ಮುರಿಯಲು ಹೋದವರಿಗೆ ಮೋಟಾರಿನ ಪಾಠ ಬೇರೆ. ಅವನು ಕುಕ್ಕರಿನ ಮುಚ್ಚಳ ಯಾವ ಕಡೆ ತಿರುಗುತ್ತದೆಂದು ಕಂಡುಕೊಂಡ. ಒಣಗಿದ ಬಟ್ಟೆ ತಾನಾಗಿ ಮಡಚಿಕೊಳ್ಳುವುದಿಲ್ಲವೆಂದು ತಿಳಿದು ಎರಡು ದಿನ ಮಂಕಾಗಿದ್ದ. ಅತ್ತೆ ಮೊರ ತುಂಬ ಬೀನ್ಸ್ ಇಟ್ಟುಕೊಂಡು ಟೀವಿಯ ಎದುರಿಗೇ ನಾರು ಬಿಡಿಸುತ್ತಾ, "ಎಡಕ್ಕೆ ಹೋಗೇ, ಎಡಕ್ಕೆ! ಅಯ್ಯೋ, ಇದಕ್ಕೆ ಕಿವಿನೇ ಇಲ್ಲ" ಎಂದು ಹುಳುವಿಗೆ ಬೈಯತೊಡಗಿದರು.

ಜಿಪ್ಪಕ್ಕನಿಗೆ ಒಂದೇ ಹೆದರಿಕೆ. ಆ ಬಟನ್ನು ಯಾರಿಗಾದರೂ ಗೊತ್ತಾಯಿತೋ, ಈ ಹೊತ್ತು ಹೋಯಿತು. ತೋಟ ಸಿಗದಿದ್ದರೂ ಅವಳು ಹೇಗೋ ತಡೆದುಕೊಂಡಾಳು. ಕೂತಲ್ಲೇ ಕೂತಿರುವ ಈ ಹೊತ್ತು ಹೋದರೆ ತಡೆದುಕೊಳ್ಳುವುದು ಕಷ್ಟ. ಅದಕ್ಕೇ ಹೆಬ್ಬೆರಳನ್ನು ಆ ಬಟನ್ನಿನ ಹತ್ತಿರವೂ ಸುಳಿಯಗೊಡುತ್ತಿರಲಿಲ್ಲ.

ಒಂದು ರಜಾದಿನ ಮಧ್ಯಾಹ್ನ ಗಂಡನ ಅಕ್ಕ ಬಂದಳು. ಆಸ್ಪತ್ರೆಯೊಂದರಲ್ಲಿ ಹೆಡ್ ನರ್ಸ್ ಆಗಿದ್ದು ನಿವೃತ್ತಳಾದವಳು. ಯಾರ ಮನೆಗೆ ಹೋದರೂ ವಾರ್ಡಿಗೆ ಬಂದ ಹಾಗೆ ಮೊದಲು ಮೂಲೆಗಳನ್ನು ನೋಡುವವಳು. ಆ ಹೊತ್ತಿಗೆ ಸರಿಯಾಗಿ ಹುಳು ಗೋಡೆಯ ಎಂದೂ ಕಾಣದ ಎತ್ತರದಲ್ಲಿತ್ತು. ಇಟ್ಟಿಗೆಗಳ ನಡುವೆ ಹುಲ್ಲಿನ ಎಳೆಗಳು ಕಾಣತೊಡಗಿದ್ದವು.

"ಏನಮ್ಮ ಇದು, ಮನೆಗೆ ಬಂದವರಿಗೆ ಬೆನ್ನು ತೋರಿಸ್ಕೊಂಡು?" ಎಂದಳು ಅತ್ತಿಗೆ.

"ಅಕ್ಕ, ಅವಳನ್ನ ಮಾತಾಡಿಸ್ಬೇಡ, ಮೋಟಾರು ಹೋಗುತ್ತೆ" ಎಂದು ಗಂಡ ಅಡುಗೆಮನೆಯಿಂದ ಕೂಗಿದ. "ಟೀ ತರ್ತಾ ಇದೀನಿ!"

"ನೀನು? ಟೀ?" ಅತ್ತಿಗೆ ಕೈಚೀಲ ಹಿಡಿದೇ ಸೋಫಾದ ಮೇಲೆ ಕುಸಿದಳು.

ಟ್ರೇ ಹಿಡಿದು ಬಂದವನಿಗೆ ನೆಲದ ಮೇಲಿದ್ದ ವೈರು ಕಾಣಲಿಲ್ಲ. ಕಾಲು ಸಿಕ್ಕಿತು, ಕಂಟ್ರೋಲರು ಜಿಪ್ಪಕ್ಕನ ಕೈಯಿಂದ ಹಾರಿ ಮಗುಚಿ ಬಿತ್ತು. ಸಂಗೀತ ನಿಂತಿತು. ಉಪ್ಪು ಗಾಳಿಯಲ್ಲೇ ನಿಂತಿತು. ಹುಳು ಒಂದು ಕಣ್ಣು ಮುಚ್ಚಿಕೊಂಡು ಹಾಗೇ ಉಳಿಯಿತು.

"ಸುಟ್ಟೋಯ್ತು!" ಎಂದ ಗಂಡ.

ಅತ್ತಿಗೆ ಬಗ್ಗಿ ಕಂಟ್ರೋಲರು ಎತ್ತಿ, ರೋಗಿಯ ನಾಡಿ ನೋಡುವ ಹಾಗೆ ಒಂದೊಂದೇ ಬಟನ್ ಒತ್ತಿದಳು. ಒಂದಕ್ಕೆ ಸಂಗೀತ ಹೊರಟಿತು. ಮತ್ತೆ ಒತ್ತಿದಳು, ನಿಂತಿತು. "ಏನೂ ಆಗಿಲ್ಲ ಕಣೋ. ನಿಲ್ಲಿಸಕ್ಕೆ ಅಂತಾನೇ ಬಟನ್ ಕೊಟ್ಟಿದಾರೆ."

ಗಂಡ ಟ್ರೇ ಹಿಡಿದೇ ಹೆಂಡತಿಯ ಕಡೆ ತಿರುಗಿದ. "ನಿಂಗೆ ಗೊತ್ತಿತ್ತಾ?"

"ಗೊತ್ತಿತ್ತು."

"ಮತ್ತೆ ಇಷ್ಟು ದಿನ ನಾನು…"

"ಲಿಫ್ಟು, ಮೋಟಾರು ಅಂದಿದ್ದು ನೀವು. ನಾನು ಹೂಂ ಅಂದೆ." ಜಿಪ್ಪಕ್ಕ ಕಣ್ಣನ್ನು ಟೀವಿಯ ಮೇಲೇ ಇಟ್ಟು ಮುಂದುವರಿಸಿದಳು. "ಅಡುಗೆಮನೇಲಿ ಇಷ್ಟು ವರ್ಷ ನಿಲ್ಲಿಸಿ ನಿಲ್ಲಿಸೇ ಆಡಿದೀನಿ. ನಿಲ್ಲಿಸಿ ಬಂದ್ರೆ ಕೈ ಮರೆಯುತ್ತೆ. ಬಟನ್ ಇದೆ. ನಂಗೆ ಒತ್ತಕ್ಕೆ ಇಷ್ಟ ಇಲ್ಲ."

ಅವಳು ಎದ್ದು ಟ್ರೇ ಇಸಿದುಕೊಳ್ಳುತ್ತಾಳೆಂದು ಎಲ್ಲರೂ ಕಾದರು. ಅವಳೂ ಕಾದಳು, ಈ ಮಂಡಿಗಳು ತನ್ನನ್ನು ಕೇಳದೆ ಎದ್ದುಬಿಟ್ಟರೇನು ಗತಿ ಎಂದು. ಅವು ಏಳಲಿಲ್ಲ.

"ಲೋ, ಅಡ್ಡ ನಿಂತಿದೀಯ, ಕಾಣ್ತಿಲ್ಲ" ಎಂದರು ಅತ್ತೆ, ಕೈಯಲ್ಲಿದ್ದ ಬೀನ್ಸ್ ಮುರಿಯುತ್ತಾ. "ಟೀ ಇಡು, ಈಚೆ ಬಾ. ನೀನು ಒತ್ತೇ, ಅದು ಎಷ್ಟು ಹೊತ್ತು ಒಂಟಿಕಣ್ಣಲ್ಲಿರುತ್ತೆ!"

ಜಿಪ್ಪಕ್ಕ ಕಂಟ್ರೋಲರು ತೆಗೆದುಕೊಂಡು ಒತ್ತಿದಳು. ಹುಳು ಕಣ್ಣು ಬಿಟ್ಟಿತು. ಒಂದು ಇಟ್ಟಿಗೆ ಹತ್ತಿತು. ಹೆಬ್ಬೆರಳು ಅರೆಕ್ಷಣ ತಡವಾಯಿತು. ಉಪ್ಪು ತಗುಲಿ, ಹುಲ್ಲು ಬಿಟ್ಟು, ಇಡೀ ಗೋಡೆ ಉದ್ದಕ್ಕೂ ಉರುಳಿ ಹುಳು ಬುಡಕ್ಕೆ ಬಂದು ಬಿತ್ತು.

"ಅಯ್ಯಯ್ಯೋ!" ಎಂದು ಚೀರಿದವಳು ಅತ್ತಿಗೆ. ಕೈಚೀಲ ನೆಲಕ್ಕೆ ಹೋಗಿತ್ತು. "ನಿಲ್ಲಿಸಿದ್ದಕ್ಕೇ ಬಿದ್ದಿದ್ದು ಅದು! ಆ ವೈರು ಎಡವಿದ ಮಹಾನುಭಾವನ್ನ ಹಿಡಿದು ಬಾರಿಸಬೇಕು. ಮೊದಲಿಂದ ಶುರು ಮಾಡಮ್ಮ, ನಾನು ನೋಡ್ಬೇಕು ಆ ಹುಲ್ಲಿನ ಮೇಲೇನಿದೆ ಅಂತ."

"ಮೊದಲಿಂದ ಅಂದ್ರೆ…" ಗಂಡ ಗಡಿಯಾರ ನೋಡಿದ. "ಅಡುಗೆ?"

ಅವನ ಅಕ್ಕ, ಅಮ್ಮ, ಹೆಂಡತಿ, ಮಗಳು ನಾಲ್ವರೂ ಟೀವಿಯನ್ನೇ ನೋಡುತ್ತಿದ್ದರು. ಈಗ ಮೋಟಾರಿನ ನೆಪವೂ ಇರಲಿಲ್ಲ. ಅವನು ಒಳಗೆ ಹೋಗಿ, ಈರುಳ್ಳಿ ಬುಟ್ಟಿ, ಚಾಕು ಹಿಡಿದು ಬಂದು ಅಮ್ಮನ ಕುರ್ಚಿಯ ಪಕ್ಕ ನೆಲದ ಮೇಲೆ ಕೂತ.

ತೋಟ ಅಂದೂ ಸಿಗಲಿಲ್ಲ. ಆದರೆ ಕತ್ತಲಾಗುವವರೆಗೂ ಜಿಪ್ಪಕ್ಕನನ್ನು ಯಾರೂ ಏನೂ ಕೇಳಲಿಲ್ಲ.

"ಸಣ್ಣಗೆ ಹೆಚ್ಚೋ" ಎಂದಳು ಅಕ್ಕ, ಟೀವಿಯಿಂದ ಕಣ್ಣು ಕೀಳದೆ. "ಸಿಪ್ಪೆ ಅಲ್ಲೇ ಬಿಟ್ಟು ಎದ್ದೀಯ ಮತ್ತೆ."