ಎಣ್ಣೆ ಅಂಗಡಿಯ ಜಯಶೀಲಾ

ಐರ್ಲೆಂಡಿನ ಕಾರ್ಕ್ ಊರಿನ ಡಗ್ಲಸ್‌ಗೆ ಹೋಗಿ ಜಯಶೀಲಾ ಎಲ್ಲಿ ಎಂದು ಕೇಳಿದರೆ ಜನ ಮುಖ ಮುಖ ನೋಡಿಕೊಳ್ಳುತ್ತಾರೆ. ಶೀಲಾ ಎಂದು ಕೇಳಿ, ಶಾಪಿಂಗ್ ಸೆಂಟರಿನ ಹಿಂದಿನ ಬೀದಿಗೆ ಕೈ ತೋರಿಸುತ್ತಾರೆ. ಶೀಲಾ ಎಂಬ ಹೆಸರು ಐರಿಷ್ ಮನೆಗಳಲ್ಲೂ ಉಂಟು. ಹಾಗಾಗಿ ಅವಳ ಅರ್ಧ ಹೆಸರನ್ನು ನುಂಗಿ, ಉಳಿದರ್ಧವನ್ನು ತಮ್ಮದೇ ಮಾಡಿಕೊಂಡುಬಿಟ್ಟಿದ್ದಾರೆ. ಆ ಬೀದಿಯಲ್ಲಿ ನೋರೀನ್ ಎಂಬಾಕೆಯ ಮದ್ಯದಂಗಡಿ ಇದೆ. ಒಂಬತ್ತು ವರ್ಷದಿಂದ ಜಯಶೀಲಾ ಅಲ್ಲೇ ಕೆಲಸ ಮಾಡುತ್ತಾಳೆ. ತಿಂಗಳಿಗೊಂದು ಶನಿವಾರ ಮಧ್ಯಾಹ್ನ ಮಹಡಿ ಮೇಲೆ ಹತ್ತು ಹದಿನೈದು ಜನರನ್ನು ಕೂರಿಸಿಕೊಂಡು, ಮೆಕ್ಸಿಕೋ ದೇಶದ ಮೆಸ್ಕಾಲ್ ಎಂಬ ಪಾನೀಯದ ರುಚಿ ಹತ್ತಿಸುತ್ತಾಳೆ. ವಿಸ್ಕಿಯ ಊರಿನವರಿಗೆ ಮೆಸ್ಕಾಲ್ ಕಲಿಸುವುದೆಂದರೆ ಹುಡುಗಾಟವಲ್ಲ. ಅವಳು ಮಾತಿಗೆ ನಿಂತರೆ ಒಬ್ಬರೂ ಮಿಸುಕುವುದಿಲ್ಲ.

ಇಷ್ಟೆಲ್ಲ ಆಗಿಯೂ ಅವಳ ಹೆತ್ತ ತಾಯಿಗೆ ಇದರ ಸುಳಿವೇ ಇರಲಿಲ್ಲ.

ಆಗಿದ್ದು ಹೀಗೆ. ಕೆಲಸ ಸಿಕ್ಕ ಹೊಸದರಲ್ಲಿ ಊರಿಗೆ ಫೋನ್ ಮಾಡಿದಾಗ ತಾಯಿ ಗಂಗಮ್ಮ, "ಏನು ಕೆಲಸನೇ?" ಎಂದು ಕೇಳಿದ್ದಳು. ಜಯಶೀಲಾಳ ಬಾಯಿಂದ ಗಂಡನ ಗೆಳೆಯರ ಬೆಂಗಳೂರು ಮಾತು ಜಾರಿತು. "ಎಣ್ಣೆ ಅಂಗಡಿ ಅವ್ವ." ಅಂದ ತಕ್ಷಣ ನಾಲಿಗೆ ಕಚ್ಚಿಕೊಂಡಳು. ಆದರೆ ಹಿರಿಯೂರು ಕಡೆಯ ಆ ಹಳ್ಳಿಯ ಮುದುಕಿಗೆ ಕುಡಿಯುವುದೆಂದರೆ ಸಾರಾಯಿ, ಎಣ್ಣೆ ಎಂದರೆ ಗಾಣದ ಎಣ್ಣೆ. "ಕಡ್ಲೆಕಾಯಿ ಎಣ್ಣೆನಾ, ಕುಸುಬೆ ಎಣ್ಣೆನಾ?" ಎಂದು ಕೇಳಿದಳು ಗಂಗಮ್ಮ. "ಎಲ್ಲಾ ತರದ್ದೂ ಐತೆ ಅವ್ವ" ಎಂದು ಮಗಳು ಫೋನಿಟ್ಟಳು. ಅಲ್ಲಿಂದಾಚೆ ಗಂಗಮ್ಮ ಊರ ತುಂಬ ಹೇಳಿಕೊಂಡು ತಿರುಗಿದಳು, ಮಗಳು ಪರದೇಶದಲ್ಲಿ ಎಣ್ಣೆ ವ್ಯಾಪಾರದಲ್ಲಿದ್ದಾಳೆ ಎಂದು. ಮಂಡಿನೋವಿಗೆ ಹಚ್ಚಿಕೊಳ್ಳಲು ಒಂದು ಬಾಟಲಿ ಕಳಿಸೆಂದು ಎರಡು ಸಲ ಹೇಳಿಯೂ ಕಳಿಸಿದ್ದಳು.

ನಿಜ ಹೇಳಲು ಏನಡ್ಡಿ ಅಂತೀರಾ? ಅಡ್ಡಿ ಗಂಗಮ್ಮನೇ. ಜಯಶೀಲಾ ಹೈಸ್ಕೂಲಿನಲ್ಲಿದ್ದಾಗ ಊರಿನ ಸಾರಾಯಿ ಅಂಗಡಿ ಮುಂದೆ ಹದಿನೆಂಟು ಹೆಂಗಸರನ್ನು ಕಟ್ಟಿಕೊಂಡು, ಪೊರಕೆ ಹಿಡಿದು ಹನ್ನೊಂದು ದಿನ ಕೂತವಳು ಆಕೆ. ಸಾರಾಯಿ ಪ್ಯಾಕೆಟ್ ತರುವ ಜೀಪಿಗೆ ಅಡ್ಡ ಮಲಗಿದವಳು. ಕೊನೆಗೂ ಅಂಗಡಿಗೆ ಬೀಗ ಬಿತ್ತು, ಇವಳಿಗೆ ಪೊರಕೆ ಗಂಗಮ್ಮ ಎಂದು ಹೆಸರೂ ಬಿತ್ತು. ಇಂಥ ತಾಯಿಯ ಮಗಳು ಬಾಟಲಿ ಮಾರುತ್ತಾಳೆ ಎಂದರೆ ಆ ಮುಖಕ್ಕೆ ಊರಲ್ಲಿ ಏನು ಬೆಲೆ ಉಳಿದೀತು? ಮಗಳ ಕೈಯಿಂದ ಒಂದು ಲೋಟ ನೀರನ್ನಾದರೂ ಮುಟ್ಟಿಯಾಳೇ? ಈ ಭಯ ಒಂಬತ್ತು ವರ್ಷ ಜಯಶೀಲಾಳ ಎದೆಯಲ್ಲಿ ಕೂತಿತ್ತು.

ಅವಳೊಳಗೆ ಇನ್ನೊಂದು ಗುಟ್ಟೂ ಇತ್ತು. ಅದು ಇನ್ನೂ ಹಳೆಯದು.

ಅವಳ ಅಪ್ಪ ಮಹಾದೇವ ಕತ್ತಾಳೆ ನಾರಿನ ಹಗ್ಗ ಹೊಸೆಯುತ್ತಿದ್ದ. ಬೇಲಿಯ ಕತ್ತಾಳೆ ಕಡಿದು, ಪಟ್ಟೆಗಳನ್ನು ಕೆರೆಯಲ್ಲಿ ವಾರಗಟ್ಟಲೆ ಕೊಳೆಹಾಕಿ, ಕಲ್ಲಿಗೆ ಬಡಿದು ನಾರು ತೆಗೆದು, ಕಣ್ಣಿ, ಮೂಗುದಾರ ಮಾಡಿ ಸಂತೆಗೆ ಒಯ್ಯುತ್ತಿದ್ದ. ಕತ್ತಾಳೆ ರಸ ತಾಕಿದರೆ ಮೈ ಉರಿಯುತ್ತದೆ, ತುರಿಯುತ್ತದೆ. ಮಹಾದೇವನ ಕೈ ಮೊಣಕೈತನಕ ಬೆಂದ ಹಾಗೆ ಕಲೆಗಟ್ಟಿತ್ತು. ಕೊಳೆತ ಪಟ್ಟೆಯ ನಾತ ಅವನ ಅಂಗಿ ಬಿಟ್ಟು ಹೋಗುತ್ತಲೇ ಇರಲಿಲ್ಲ. ಶಾಲೆಯಲ್ಲಿ ಹುಡುಗರು ಜಯಶೀಲಾಳನ್ನು ಕಂಡರೆ ಮೂಗು ಮುಚ್ಚಿಕೊಳ್ಳುತ್ತಿದ್ದರು. ಬಿ.ಎಸ್ಸಿ. ಓದಲು ಚಿತ್ರದುರ್ಗದ ಹಾಸ್ಟೆಲ್ ಸೇರಿದಾಗ ಅವಳು ಅಪ್ಪನಿಗೆ, "ನೀನು ಇಲ್ಲಿಗೆ ಬರಬೇಡ, ನಾನೇ ಊರಿಗೆ ಬರ್ತೀನಿ" ಎಂದಳು. ಮಹಾದೇವ ಬರಲಿಲ್ಲ. ಅವಳ ಮದುವೆಯಾದ ಮೂರನೇ ವರ್ಷ ತೀರಿಕೊಂಡ. ಗಂಡ ಸತ್ಯಪ್ರಕಾಶನಿಗೆ ಇವತ್ತಿಗೂ ಮಾವನೆಂದರೆ ಜಮೀನಿದ್ದ ರೈತ, ಅಷ್ಟೇ.

ನಾಲ್ಕು ವರ್ಷದ ಹಿಂದೆ ಸತ್ಯಪ್ರಕಾಶನ ಕಂಪನಿ ಮೆಕ್ಸಿಕೋದಲ್ಲಿ ಒಂದು ವಾರದ ಮೀಟಿಂಗ್ ಇಟ್ಟುಕೊಂಡಿತು. ಜಯಶೀಲಾಳೂ ಹೊರಟಳು. ನೋರೀನ್, "ಹೇಗೂ ಹೋಗ್ತಿದ್ದೀಯ, ಒಹಾಕಾ ಕಡೆ ಹೋಗಿ ಮೆಸ್ಕಾಲ್ ಮಾಡೋರನ್ನ ನೋಡ್ಕೊಂಡು ಬಾ" ಎಂದಿದ್ದಳು. ಮೆಸ್ಕಾಲನ್ನು ಅಗಾವೆ ಎಂಬ ಗಿಡದಿಂದ ಮಾಡುತ್ತಾರೆಂದು ಜಯಶೀಲಾ ಪುಸ್ತಕದಲ್ಲಿ ಓದಿದ್ದಳು. ಆದರೆ ಪ್ರವಾಸದ ಬಸ್ಸು ಗುಡ್ಡ ಹತ್ತಿದಾಗ ಕಿಟಕಿಯಾಚೆ ಸಾಲುಸಾಲಾಗಿ ನಿಂತಿದ್ದನ್ನು ಕಂಡು, "ಅಯ್ಯೋ, ಕತ್ತಾಳೆ!" ಎಂದು ಕೂಗಿಯೇಬಿಟ್ಟಳು. ಪಕ್ಕದಲ್ಲಿ ತೂಕಡಿಸುತ್ತಿದ್ದ ಜರ್ಮನ್ ಮುದುಕ ಬೆಚ್ಚಿಬಿದ್ದ.

ಬಸ್ಸು ನಿಂತದ್ದು ಕಾರ್ಮೆಲಾ ಎಂಬ ಎಪ್ಪತ್ತು ದಾಟಿದ ಅಜ್ಜಿಯ ಅಂಗಳದಲ್ಲಿ. ಎಂಟು ಹತ್ತು ವರ್ಷ ಬೆಳೆದ ಗಿಡ, ಕೆಲವು ಕಾಡುಜಾತಿಯವಕ್ಕೆ ಇಪ್ಪತ್ತು ವರ್ಷವೂ ಬೇಕು. ಎಲೆ ಸವರಿ ಗೆಡ್ಡೆಯನ್ನು ಮಾತ್ರ ತಂದು, ನೆಲದ ಗುಂಡಿಯಲ್ಲಿ ಕಾದ ಕಲ್ಲಿನ ಮೇಲೆ ಒಟ್ಟಿ, ಮಣ್ಣು ಮುಚ್ಚಿ ನಾಲ್ಕೈದು ದಿನ ಸುಡುತ್ತಾರೆ. ಕುದುರೆ ಎಳೆಯುವ ಕಲ್ಲಿನ ಗಾಲಿಯಲ್ಲಿ ಅರೆದು, ಮರದ ಬಾನಿಯಲ್ಲಿ ಹುಳಿ ಬರಿಸಿ, ಮಣ್ಣಿನ ಮಡಕೆಯಲ್ಲಿ ಭಟ್ಟಿ ಇಳಿಸುತ್ತಾರೆ. ಸುಟ್ಟ ಗೆಡ್ಡೆಯ ಚೂರನ್ನು ಅಜ್ಜಿ ಬಾಯಿಗೆ ಕೊಟ್ಟಾಗ ಜಯಶೀಲಾಳಿಗೆ ಬೆಲ್ಲದ ನೆನಪಾಯಿತು. ಆಮೇಲೆ ಅಜ್ಜಿ ಒಂದು ಜೊಂಡಿನ ಕೊಳವೆಯಲ್ಲಿ ಮೆಸ್ಕಾಲ್ ಹೀರಿ, ಸೋರೆ ಬುರುಡೆಯಂಥ ಬಟ್ಟಲಿಗೆ ಮೇಲಿನಿಂದ ಬಿಟ್ಟಳು. ಅಂಚಿನ ಸುತ್ತ ಗುಳ್ಳೆಗಳು ಎದ್ದು ನಿಂತವು. ಯಾವ ಮೀಟರೂ ಬೇಡ, ಗುಳ್ಳೆ ಎಷ್ಟು ಹೊತ್ತು ನಿಲ್ಲುತ್ತದೆಂದು ನೋಡಿಯೇ ಎಷ್ಟು ಕಡಕ್ ಎಂದು ಹೇಳುತ್ತಾಳಂತೆ ಆ ಮಹಾತಾಯಿ! ಆ ಗುಳ್ಳೆಗಳನ್ನು ಅಲ್ಲಿಯವರು ಮುತ್ತು ಎನ್ನುತ್ತಾರೆಂದು ಗೈಡ್ ವಿವರಿಸಿದ. ಗಟಗಟ ಕುಡಿಯಬಾರದು, ಮುತ್ತಿಟ್ಟ ಹಾಗೆ ತುಟಿಗೆ ತಾಕಿಸಬೇಕು ಎಂದೂ ಹೇಳಿದ. ಎರಡೂ ಮುತ್ತೇ ಆದದ್ದು ಕನ್ನಡದಲ್ಲಿ ಮಾತ್ರ. ಜಯಶೀಲಾ ಒಬ್ಬಳೇ ನಕ್ಕಳು.

ಬಟ್ಟಲು ಕೊಡುವ ಮೊದಲು ಅಜ್ಜಿ ನಾಲ್ಕು ಹನಿ ನೆಲಕ್ಕೆ ಚೆಲ್ಲಿದಳು. ತೋಳು ಮುಂದೆ ಬಂದಾಗ ಜಯಶೀಲಾ ನೋಡಿದಳು. ಮೊಣಕೈತನಕ ಬೆಂದಂಥ ಕಲೆ. ಅದೇ ಕೈ. ಅವಳಿಗೆ ಕಣ್ಣೀರು ತಡೆಯಲಾಗಲಿಲ್ಲ. ಜೊತೆಯವರು ಏನಾಯಿತೆಂದು ಕೇಳಿದಾಗ, ಹೊಗೆ ಎಂದಳು.

ಆ ಅಜ್ಜಿಯ ಕೈಗಳ ಫೋಟೋವನ್ನು ಕೇಳಿಯೇ ತೆಗೆದುಕೊಂಡು ಬಂದಿದ್ದಳು. ಡಗ್ಲಸ್‌ನ ಮಹಡಿಯಲ್ಲಿ ಪ್ರತಿ ಸಲ ಅದನ್ನು ತೋರಿಸಿ, "ಈ ಕೈಗೆ ಗೌರವ ಕೊಟ್ಟು ಕುಡಿಯಿರಿ" ಎನ್ನುತ್ತಿದ್ದಳು. ಜನ ಕಾರ್ಮೆಲಾಳ ಹೆಸರು ಹೇಳಿ ಬಟ್ಟಲು ಎತ್ತುತ್ತಿದ್ದರು. ಅಪ್ಪನ ಮಾತು ಮಾತ್ರ ಬಾಯಿಗೆ ಬಂದದ್ದು ಒಂದು ಸಲವೂ ಇಲ್ಲ.

ಹೀಗಿರುವಾಗ ಗಂಗಮ್ಮ ಮೂರು ತಿಂಗಳ ವೀಸಾ ಮಾಡಿಸಿಕೊಂಡು ಡಗ್ಲಸ್‌ಗೆ ಬಂದಿಳಿದಳು. ಬಂದ ದಿನದಿಂದ ಒಂದೇ ರಾಗ. "ನಿನ್ನ ಎಣ್ಣೆ ಅಂಗಡಿ ಯಾವಾಗ ತೋರಿಸ್ತೀಯೆ?" ಚಳಿ, ಮಳೆ, ಅಂಗಡಿಗೆ ಸುಣ್ಣಬಣ್ಣ, ಒಂದೊಂದು ದಿನಕ್ಕೆ ಒಂದೊಂದು ನೆಪ. ಮಗಳು ದಿನಾ ಬೆಳಿಗ್ಗೆ ಇವತ್ತು ಹೇಳಿಯೇ ಬಿಡುತ್ತೇನೆ ಎಂದು ಏಳುವಳು, ತಾಯಿ ರೊಟ್ಟಿ ತಟ್ಟುವ ಸದ್ದು ಕೇಳಿದರೆ ಧೈರ್ಯ ಉಡುಗುವುದು. ಸತ್ಯಪ್ರಕಾಶ, "ನಿಮ್ಮವ್ವ, ನೀನೇ ಹೇಳು" ಎಂದು ಜಾರಿಕೊಳ್ಳುವನು. ತಾಯಿ ಹೊರಡಲು ಹನ್ನೊಂದೇ ದಿನ ಉಳಿದಿತ್ತು.

ದೊಡ್ಡವರಿಬ್ಬರೂ ಒಂದು ತಪ್ಪು ಮಾಡಿದ್ದರು. ಹದಿನೈದರ ಮಗಳು ತನ್ವಿಗೆ, ಅಜ್ಜಿಗೆ ಹೇಳಬೇಡ ಎಂದು ಯಾರೂ ಹೇಳಿರಲಿಲ್ಲ. ಅವಳಿಗೆ ಕನ್ನಡ ಅರ್ಥವಾಗುತ್ತದೆ, ಆಡಲು ಬರುವುದಿಲ್ಲ, ಅಜ್ಜಿಗೆ ಏನು ತಾನೇ ಹೇಳಿಯಾಳು ಎಂಬ ಭಂಡಧೈರ್ಯ. ಆ ಶನಿವಾರ ಜಯಶೀಲಾ ಬುತ್ತಿ ಮರೆತು ಹೋದಳು. ಗಂಗಮ್ಮ ಡಬ್ಬಿ ಎತ್ತಿಕೊಂಡು, "ನಡಿಯೇ, ನಿಮ್ಮಮ್ಮನ ಅಂಗಡಿಗೆ" ಎಂದಳು. "ಗ್ರ್ಯಾಂಡ್, ಅಜ್ಜಿ" ಎಂದು ಅಲ್ಲಿಯವರ ಹಾಗೇ ಒಪ್ಪಿ, ಮೊಮ್ಮಗಳು ಛತ್ರಿಯನ್ನು ಅಜ್ಜಿಯ ಕೈಗಿಟ್ಟು ಹೊರಟೇಬಿಟ್ಟಳು.

ಮಹಡಿಯಲ್ಲಿ ಹದಿನಾಲ್ಕು ಜನ. ಜಯಶೀಲಾ ಬಾಟಲಿ ಹಿಡಿದು ಗುಳ್ಳೆಗಳ ವಿಷಯ ಹೇಳುತ್ತಿದ್ದಳು. ಬಾಗಿಲಲ್ಲಿ ತಾಯಿ. ಒಂದು ಕೈಯಲ್ಲಿ ಡಬ್ಬಿ, ಇನ್ನೊಂದರಲ್ಲಿ ಛತ್ರಿ; ಛತ್ರಿಯನ್ನು ಪೊರಕೆ ಹಿಡಿದ ಹಾಗೇ ಹಿಡಿದಿದ್ದಳು. ಕೆಳಗಿನ ಅಂಗಡಿಯ ಸಾಲು ಸಾಲು ಬಾಟಲಿಗಳನ್ನು ದಾಟಿಯೇ ಬಂದಿದ್ದಳು, ಇನ್ನು ಮುಚ್ಚಿಡಲು ಏನೂ ಉಳಿದಿರಲಿಲ್ಲ. ಜಯಶೀಲಾ ಬಾಟಲಿಯನ್ನು ಮೇಜಿನ ಮೇಲಿಟ್ಟಳು.

"ಇದೇನಾ ನಿನ್ನ ಎಣ್ಣೆ?" ಎಂದಳು ಗಂಗಮ್ಮ.

"ಹೂಂ ಅವ್ವ. ಇದೇ."

ಕನ್ನಡ ತಿಳಿಯದ ಹದಿನಾಲ್ಕು ಜನಕ್ಕೂ ಏನೋ ಆಗುತ್ತಿದೆ ಎಂದು ತಿಳಿಯಿತು. ನೋರೀನ್ ಎದ್ದು ಕುರ್ಚಿ ಕೊಟ್ಟಳು, ಗಂಗಮ್ಮ ಕೂರಲಿಲ್ಲ. ಅವಳ ಕಣ್ಣು ಮೇಜಿನ ಮೇಲಿದ್ದ ಕುಂಡದ ಕಡೆ ಹೋಗಿತ್ತು. ಅಂದಕ್ಕೆಂದು ನೋರೀನ್ ಬೆಳೆಸಿದ್ದ ಗಿಡ.

"ಕತ್ತಾಳೆ ಇಲ್ಲಿ ಯಾಕೈತೆ?"

"ಇದರಲ್ಲೇ ಮಾಡ್ತಾರೆ ಅವ್ವ. ಬಾಟ್ಲಲ್ಲಿರೋದು ಇದೇ."

ಗಂಗಮ್ಮ ಮೊದಲ ಸಲ ತಬ್ಬಿಬ್ಬಾದಳು. "ಕತ್ತಾಳೇಲಾ? ಯಾರು ಕಡೀತಾರೆ?" ಜಯಶೀಲಾ ಕಾರ್ಮೆಲಾಳ ಫೋಟೋ ಕೊಟ್ಟಳು. ಮುದುಕಿ ಅದನ್ನು ಕಿಟಕಿಯ ಬೆಳಕಿಗೆ ಹಿಡಿದು ಬಹಳ ಹೊತ್ತು ನೋಡಿದಳು. "ಹೂಗೊಂಬು ಏಳೋಕೆ ಮುಂಚೆ ಕಡೀತಾಳೋ, ಆಮೇಲೋ?" ಎಂದು ಕೇಳಿದಳು. "ಮುಂಚೆನೇ ಅವ್ವ. ಕೊಂಬು ಎದ್ರೆ ಗೆಡ್ಡೆಯ ಸಿಹಿಯೆಲ್ಲಾ ಅದಕ್ಕೇ ಹೋಗುತ್ತೆ." "ನಾರೂ ಕೆಡ್ತದೆ" ಎಂದಳು ಗಂಗಮ್ಮ, ತನ್ನಷ್ಟಕ್ಕೆ. ಬಟ್ಟಲು ಎತ್ತಿ ಮೂಸಿದಳು. ಕಿರುಬೆರಳು ಅದ್ದಿ ನಾಲಿಗೆಗೆ ಮುಟ್ಟಿಸಿಕೊಂಡು, "ಥೂ, ಬೆಂಕಿ!" ಎಂದು ಮುಖ ಕಿವಿಚಿದಳು. ಆಮೇಲೆ ಮುಖ ನಿಧಾನವಾಗಿ ಸಡಿಲವಾಯಿತು. "ಹೊಗೆ ವಾಸ್ನೆ ಕಣೆ. ನಿಮ್ಮಪ್ಪನ ಕಂಬಳೀದು."

ಜಯಶೀಲಾ ಅಳು ತಡೆದು, "ಅವ್ವ, ಸುಳ್ಳು ಹೇಳಿದ್ದು ತಪ್ಪಾಯ್ತು. ನೀನು ಪೊರಕೆ ಹಿಡಿದು ಕೂತೋಳು, ನಾನು..." ಎಂದು ತೊದಲಿದಳು.

"ನಾನು ಮುಚ್ಚಿಸಿದ್ದು ಹೆಂಡ್ರು ಮಕ್ಕಳ ಅನ್ನ ಕಿತ್ಕೊಳ್ಳೋ ಅಂಗಡಿನ. ಇಲ್ಲಿ ಯಾರ ಅನ್ನ ಕಿತ್ಕೊಂಡೆ ನೀನು?" ಗಂಗಮ್ಮ ಫೋಟೋವನ್ನು ಮಗಳ ಮುಂದೆ ಹಿಡಿದಳು. "ಅದಲ್ಲ ನನ್ನ ಸಿಟ್ಟು. ಈ ಯಮ್ಮನ ಕೈಯ ಊರಿಗೆಲ್ಲಾ ತೋರಿಸ್ತೀಯ. ನಿಮ್ಮಪ್ಪನ ಕೈ ಸುದ್ದಿ ಇವರಿಗೆ ಹೇಳಿದ್ಯಾ?"

ಆ ಮಾತು ನೆಟ್ಟಗೆ ಹೋಗಿ ನಾಟಿತು. ಹಾಸ್ಟೆಲ್ಲಿಗೆ ಬರಬೇಡ ಎಂದು ಅಪ್ಪನಿಗೆ ಹೇಳಿದ್ದು ಅವ್ವನಿಗೆ ಗೊತ್ತಿಲ್ಲ ಎಂದೇ ಇಷ್ಟು ವರ್ಷ ಅವಳು ನಂಬಿದ್ದಳು. ಗೊತ್ತಿತ್ತು.

"ಇಲ್ಲ ಅವ್ವ" ಎಂದಳು.

"ಹೇಳು ಮತ್ತೆ. ಹೆಂಗೂ ಕೂತವ್ರೆ."

ಜಯಶೀಲಾ ಕಣ್ಣೊರೆಸಿಕೊಂಡು ಜನರ ಕಡೆ ತಿರುಗಿದಳು. ನಮ್ಮೂರಿನಲ್ಲಿ ಈ ಗಿಡಕ್ಕೆ ಕತ್ತಾಳೆ ಎನ್ನುತ್ತಾರೆ, ಎಂದು ಶುರುಮಾಡಿದಳು. ಅಪ್ಪನ ಹೆಸರು ಹೇಳಿದಳು. ಕೆರೆ, ನಾತ, ಸಂತೆ, ಮೂಗು ಮುಚ್ಚಿಕೊಂಡ ಹುಡುಗರು, ಹಾಸ್ಟೆಲ್ಲಿನ ಮಾತು, ಒಂದನ್ನೂ ಬಿಡದೆ ಹೇಳಿದಳು. ಇತ್ತ ಗಂಗಮ್ಮ ಚಾಕು ಈಸಿಕೊಂಡು ಕುಂಡದ ಕೆಳಗಿನ ಎಲೆಯೊಂದನ್ನು ಕೊಯ್ದಳು. ಮೇಜಿನ ಅಂಚಿಗೆ ಹೆರೆದು ಹಸಿ ನಾರು ಬಿಡಿಸಿ, ಸೀರೆಯ ಮೇಲೆ ತೊಡೆಗೆ ಉಜ್ಜಿ ಗೇಣುದ್ದದ ಹುರಿ ಹೊಸೆದಳು. ತನ್ವಿ ಬಾಯಿ ಬಿಟ್ಟುಕೊಂಡು ನೋಡುತ್ತಿದ್ದಳು. "ಅಜ್ಜಿ, ಶೋ ಮಿ" ಎಂದು ಪಕ್ಕದಲ್ಲಿ ಕೂತಳು. ಮುಂದಿನ ಸಾಲಿನ ಮೀನುಗಾರ ಮುದುಕನೊಬ್ಬ ಆ ಹುರಿಯನ್ನು ಇಸಿದುಕೊಂಡು ಎರಡೂ ಕೈಯಲ್ಲಿ ಎಳೆದು ನೋಡಿದ. ಹಗ್ಗದ ಬೆಲೆ ತಿಳಿದವನು, ತಲೆದೂಗಿದ. ಬಟ್ಟಲು ಎತ್ತಿದಾಗ ಅವನು ಕಾರ್ಮೆಲಾಳ ಹೆಸರು ಹೇಳಲಿಲ್ಲ. "ಮಹಾದೇವ" ಎಂದ, ಸಾಧ್ಯವಾದಷ್ಟು ಸರಿಯಾಗಿ. ಹದಿಮೂರು ಜನ ಅವನ ಹಿಂದೆ ಹೇಳಿದರು.

ಮಾರನೆಯ ದಿನ ಊರಿನಿಂದ ಗಂಗಮ್ಮನ ತಮ್ಮ ತಿಮ್ಮಯ್ಯನ ಫೋನು. ಜಯಶೀಲಾ ಅಡುಗೆಮನೆಯಲ್ಲಿ ಕೈ ಕೆಲಸ ನಿಲ್ಲಿಸಿ ಕಿವಿಗೊಟ್ಟಳು.

"ಹೂಂ, ನೋಡ್ಕೊಂಡು ಬಂದೆ ಕಣೋ ಅಂಗಡಿನ" ಎನ್ನುತ್ತಿದ್ದಳು ತಾಯಿ. "ಎಣ್ಣೆ ಅಂಗಡಿನೇ. ಯಾವ ಎಣ್ಣೆನಾ? ಕುಡಿಯೋ ಎಣ್ಣೆ ಕಣೋ, ಕತ್ತಾಳೇದು. ಊರೋರು ಕೇಳಿದ್ರೆ ಹಂಗೇ ಹೇಳು. ಹಗ್ಗದ ಮಹಾದೇವನ ಮಗಳು ಅಂತಾನೂ ಸೇರಿಸಿ ಹೇಳು."