ಎರಡನೇ ಕೂಗಾದ ಮೇಲೆ

2007ನೇ ಇಸವಿ, ಸಂಕ್ರಾಂತಿ ಕಳೆದ ಮರುವಾರದ ಸೋಮವಾರ, ಬೆಳಿಗ್ಗೆ ಹತ್ತು ಗಂಟೆ. ಹೊಸದುರ್ಗ ತಾಲ್ಲೂಕಿನಲ್ಲಿ ಮತ್ತೋಡಿನ ಹತ್ತಿರದ ಒಂದು ಹಳ್ಳಿ, ಹಿಟ್ಟಿನ ಗಿರಣಿಯ ಮುಂದಿನ ಅಂಗಳ. ಹಾಜರಿದ್ದವರು: ಮನೆಯ ತಾಯಿ, ಆಕೆಯ ಇಬ್ಬರು ಗಂಡುಮಕ್ಕಳು, ಇಬ್ಬರು ಸೊಸೆಯರು, ಊರಿನ ಹಿರಿಯರಿಬ್ಬರು ಮತ್ತು ಸವಾಲು ಕೂಗಲು ಹೋದ ನಾನು. ಇಷ್ಟೇ ಜನ ಇರಬೇಕಿತ್ತು. ನನ್ನನ್ನು ಟೀವಿಯಲ್ಲಿ ನೋಡಿದ್ದವರೂ ಬಂದಿದ್ದರು. ಅವರನ್ನು ನಾನು ಎಣಿಸಲಿಲ್ಲ.

ಹೀಗೆ ದಿನ, ಹೊತ್ತು, ಹಾಜರಿ ಹೇಳಿ ಆಮೇಲೆ ವಿಷಯಕ್ಕೆ ಬರುವುದು ನನ್ನ ಅಭ್ಯಾಸ. ಸಿರಿಗೆರೆಯಲ್ಲಿ ಹಾಸ್ಟೆಲಿನಲ್ಲಿದ್ದು ಓದಿದವನು ನಾನು. ಗಂಟೆ ಹೊಡೆದರೆ ಏಳುವುದು, ಗಂಟೆ ಹೊಡೆದರೆ ಉಣ್ಣುವುದು, ತಟ್ಟೆ ತೊಳೆದು ಬೋರಲು ಹಾಕಿದ ಮೇಲೆಯೇ ಮಾತು. ಹರಾಜು ಕೂಗುವ ಕೆಲಸಕ್ಕೆ ಬಂದಾಗ ಆ ಶಿಸ್ತೇ ನನ್ನ ಬಂಡವಾಳವಾಯಿತು. ದೊಡ್ಡ ಗಂಟಲಿನವರು ಊರಿಗೆ ಹತ್ತು ಜನ ಸಿಗುತ್ತಾರೆ. ಕೂಗಿನ ಕ್ರಮ ತಪ್ಪದವನನ್ನು ಮಾತ್ರ ಜನ ಮತ್ತೆ ಕರೆಯುತ್ತಾರೆ.

ತೊಂಬತ್ತರ ದಶಕದಲ್ಲಿ ನನಗೆ ಕೈತುಂಬ ಕೆಲಸವಿತ್ತು. ಹೊಸದುರ್ಗದ ರಸ್ತೆ ಬದಿಯ ಹುಣಸೆ ಮರಗಳ ಫಸಲು, ಹೊಳಲ್ಕೆರೆ ಕಡೆಯ ಕೆರೆಗಳ ಮೀನು, ಹಿರಿಯೂರಿನ ಕಚೇರಿಗಳಲ್ಲಿ ಕಾಲು ಮುರಿದ ಕುರ್ಚಿಗಳು, ಚಿತ್ರದುರ್ಗದಲ್ಲಿ ವಾರಸುದಾರರಿಲ್ಲದೆ ತುಕ್ಕು ಹಿಡಿದ ಸ್ಕೂಟರುಗಳು, ಎಲ್ಲವನ್ನೂ ಕೂಗಿದ್ದೇನೆ. ಆದರೆ ನನಗೆ ಹೆಸರು ಬಂದದ್ದು ಅವುಗಳಿಂದಲ್ಲ, ಮನೆ ಪಾಲಿನ ಸವಾಲುಗಳಿಂದ.

ಅಣ್ಣ ತಮ್ಮಂದಿರು ಬೇರೆಯಾಗುವಾಗ ಹೊಲವನ್ನು ಅಳೆದು ಹಂಚಬಹುದು, ಪಾತ್ರೆಯನ್ನು ಎಣಿಸಿ ಹಂಚಬಹುದು. ಒಂದು ಪಂಪ್‌ಸೆಟ್ಟನ್ನು, ಒಂದು ಟ್ರ್ಯಾಕ್ಟರನ್ನು ಕತ್ತರಿಸಲು ಬರುವುದಿಲ್ಲ. ಅಂಥದ್ದನ್ನು ಅವರವರಲ್ಲೇ ಸವಾಲಿಗೆ ಇಡುತ್ತಾರೆ. ಹೆಚ್ಚಿಗೆ ಕೂಗಿದವನು ವಸ್ತು ಇಟ್ಟುಕೊಂಡು ಇನ್ನೊಬ್ಬನಿಗೆ ಅವನ ಪಾಲಿನ ದುಡ್ಡು ಕೊಡಬೇಕು. ಭೀಮಸಮುದ್ರದ ಅಡಿಕೆ ವ್ಯಾಪಾರದ ಮನೆಗಳಿಂದ ಹಿಡಿದು ಕುರಿ ಕಾಯುವವರ ಹಟ್ಟಿಗಳವರೆಗೆ ಇದೇ ರೀತಿ. ಕೂಗುವವನು ಮಾತ್ರ ಹೊರಗಿನವನಾಗಿರಬೇಕು.

ಈ ಸವಾಲುಗಳಲ್ಲಿ ಒಂದು ಪದ್ಧತಿಯಿತ್ತು. ಒಂದ್ಸಾರಿ ಎಂದು ಕೂಗಿ, ಎರಡ್ಸಾರಿ ಎಂದು ಕೂಗಿ, ಕೂಗುವವನು ನೀರು ಕುಡಿಯುತ್ತಾನೆ. ನಾನು ನಮ್ಮ ಮನೆಯ ಹಿತ್ತಾಳೆ ಚೊಂಬನ್ನೇ ಒಯ್ಯುತ್ತಿದ್ದೆ. ನೀರು ಬಾಯಾರಿಕೆಗಲ್ಲ ಎಂಬುದು ಕೂತವರಿಗೆಲ್ಲ ಗೊತ್ತು. ಆ ಹೊತ್ತಿನಲ್ಲಿ ಯಾರಾದರೂ ಮಾತಾಡಬಹುದು. ಒಬ್ಬ ತಾಯಿ, ಒಬ್ಬ ಸೋದರಮಾವ, ಕೆಲವು ಸಲ ಹೆಚ್ಚು ಕೂಗಿದವನ ಹೆಂಡತಿಯೇ, ಕಡಿಮೆ ಕೂಗಿದವನನ್ನು ತೋರಿಸಿ, ಅವನಿಗೇ ಇರಲಿ ಬಿಡ್ರಿ ಎನ್ನುತ್ತಾರೆ. ಹೆಚ್ಚು ಕೂಗಿದವನೂ ಬಹಳ ಸಲ ಅದಕ್ಕಾಗಿಯೇ ಕಾಯುತ್ತಿರುತ್ತಾನೆ. ಬೆಲೆ ನಿಂತಿತು, ಮಾನ ಉಳಿಯಿತು, ಈಗ ಬಿಟ್ಟುಕೊಟ್ಟರೆ ಸೋತಂತಲ್ಲ. ಯಾರೂ ಮಾತಾಡದಿದ್ದರೆ ನಾನು ಚೊಂಬು ಕೆಳಗಿಟ್ಟು ಮೂರ್ಸಾರಿ ಎನ್ನುತ್ತಿದ್ದೆ. ಅಲ್ಲಿಗೆ ಮುಗಿಯಿತು.

2005ರ ಸುಮಾರಿಗೆ ಬೆಂಗಳೂರಿನ ಒಂದು ಚಾನೆಲ್ಲಿನವರು ಕೋಟೆಯ ಚಿತ್ರೀಕರಣಕ್ಕೆ ಚಿತ್ರದುರ್ಗಕ್ಕೆ ಬಂದಿದ್ದರು. ಬಿಡುವಿನಲ್ಲಿ ಪೇಟೆಗೆ ಬಂದವರು ನಾನು ಹಳೇ ಬೀರುಗಳನ್ನು ಕೂಗುವುದನ್ನು ನಿಂತು ಕೇಳಿದರು. ಎರಡು ತಿಂಗಳಿಗೆ ಫೋನ್ ಬಂತು. ಹೊಸ ಕಾರ್ಯಕ್ರಮ: ಒಂದು ಕುಟುಂಬ ತನ್ನ ಮನೆಯ ಹಳೇ ವಸ್ತುವನ್ನು ಸ್ಟುಡಿಯೋಗೆ ತರಬೇಕು, ಗಂಡನಿಗೆ ಪ್ರಾಣವಾದದ್ದು, ಹೆಂಡತಿಗೆ ಕಂಡರಾಗದ್ದು. ನಾನು ಅದನ್ನು ಹರಾಜು ಕೂಗಬೇಕು. ಗಂಡ ಬೇಡಿಕೊಳ್ಳಬೇಕು, ಹೆಂಡತಿ ನಗಬೇಕು, ಜನ ನೋಡಬೇಕು.

ಕಾರ್ಯಕ್ರಮ ನಡೆಸುತ್ತಿದ್ದ ಹುಡುಗಿ ಚುರುಕಿನವಳು. ಮೊದಲ ದಿನ ನಾನು ಎರಡ್ಸಾರಿ ಎಂದು ಅಭ್ಯಾಸಬಲದಿಂದ ಚೊಂಬು ಎತ್ತಿದೆ. ಅವಳು ಎಲ್ಲವನ್ನೂ ನಿಲ್ಲಿಸಿ ಇದೇನು ಎಂದು ಕೇಳಿದಳು. ನಾನು ವಿವರವಾಗಿ ಹೇಳಿದೆ, ಹೆಮ್ಮೆಯಿಂದಲೇ ಹೇಳಿದೆ. ಅವಳು ಪೂರ್ತಿ ಕೇಳಿ, "ಸಾರ್, ಇದೇ ನಮಗೆ ಬೇಕಾಗಿದ್ದು" ಅಂದಳು.

ಅವರು ಅದಕ್ಕೆ ಡೋಲು ಸೇರಿಸಿದರು. ನಾನು ಚೊಂಬನ್ನು ನಿಧಾನವಾಗಿ ಬಾಯಿಗೆ ತರಬೇಕು, ಡೋಲು ಏರುತ್ತ ಹೋಗಬೇಕು, ನೀರು ತುಟಿಗೆ ತಾಗುವ ಮೊದಲೇ ಕೂತ ಜನರೆಲ್ಲ ಮೂರ್ಸಾರಿ ಎಂದು ಕಿರುಚಬೇಕು. ಆಗ ನಾನು ಸೋತವನ ಹಾಗೆ ನಕ್ಕು ಚೊಂಬನ್ನು ತಲೆಯ ಮೇಲೆ ಎತ್ತಿ ತೋರಿಸಬೇಕು. ಅದಕ್ಕೆ ಕೆಂಪು ಪೇಟ, ಒಂದು ಅಂಟಿಸಿದ ಗಿರಿಜಾ ಮೀಸೆ. ಕೂಗು ಯಾವತ್ತೂ ಕೂಗುವವನದೇ ಆಗಿರಬೇಕು ಎಂದು ಒಮ್ಮೆ ಹೇಳಿ ನೋಡಿದೆ. ಇದು ಬರೀ ಆಟ ಸಾರ್ ಅಂದಳು. ಆಟವೇ ತಾನೇ ಅಂತ ನಾನೂ ಸುಮ್ಮನಾದೆ. ಹಾಗೆ ಸುಮ್ಮನಾಗಲು ಹೆಚ್ಚು ಹೊತ್ತೇನೂ ಬೇಕಾಗಲಿಲ್ಲ. ಕನ್ನಡಿಯಲ್ಲಿ ಆ ಮೀಸೆ ನನಗೆ ಒಪ್ಪುತ್ತಿತ್ತು.

ಜನಕ್ಕೆ ಹಿಡಿಸಿತು. ಹಿರಿಯೂರಿನ ಬಸ್ಸಿನಲ್ಲಿ ಕಂಡಕ್ಟರು ನನ್ನ ಮುಂದೆ ನಿಂತು ಒಂದ್ಸಾರಿ, ಎರಡ್ಸಾರಿ ಅಂದರೆ ಸೀಟಿನಲ್ಲಿದ್ದವರು ಉಳಿದದ್ದನ್ನು ಕೂಗುತ್ತಿದ್ದರು. ಹೊಳಲ್ಕೆರೆಯ ಹೋಟೆಲಿನಲ್ಲಿ ನನ್ನ ವಯಸ್ಸಿನವನೊಬ್ಬ ಇಡ್ಲಿ ಬಿಟ್ಟು ಎದ್ದು ಬಂದು ಮುಖ ನೋಡಿದ. "ಏನಪ್ಪ, ಮೀಸೆ ಮನೇಲಿ ಮರೆತು ಬಂದ್ಯಾ?" ಅಂದ. ಎಲ್ಲರೂ ನಕ್ಕರು, ನಾನೂ ನಕ್ಕೆ. ನಗದೆ ಇದ್ದದ್ದು ಮನೆಯಲ್ಲಿದ್ದ ನನ್ನ ಹೆಂಡತಿ ಒಬ್ಬಳೇ. "ಮೀಸೆ ಅಂಟಿಸ್ಕಂಡು ಕುಣೀರಿ, ಯಾರು ಬ್ಯಾಡ ಅಂದ್ರು. ಚೊಂಬು ಮಾತ್ರ ನಮ್ಮತ್ತೇದು, ಅದನ್ನ ಯಾಕೆ ಒಯ್ತೀರಿ?" ಎಂದು ಕೇಳಿದಳು. ನಾನು ಒಯ್ಯುವುದು ಬಿಡಲಿಲ್ಲ. ಆ ವೇಳೆಗೆ ಚಾನೆಲ್ಲಿನವರು ಅದನ್ನು ಹುಣಸೆಹಣ್ಣು ಹಚ್ಚಿ ಹೊಳೆಯುವ ಹಾಗೆ ತಿಕ್ಕಿಸಿ ಇಟ್ಟಿರುತ್ತಿದ್ದರು.

ಇನ್ನು ಆ ಸೋಮವಾರ. ಮನೆಯ ದೊಡ್ಡ ಮಗ ಹೊಸದುರ್ಗದ ಒಂದು ಕಚೇರಿಯಲ್ಲಿ ಗುಮಾಸ್ತ. ಚಿಕ್ಕವನು ಹಳ್ಳಿಯಲ್ಲೇ ಇದ್ದು ತಂದೆ ಇಟ್ಟಿದ್ದ ಹಿಟ್ಟಿನ ಗಿರಣಿ ನಡೆಸುತ್ತಿದ್ದ. ತಂದೆ ತೀರಿಕೊಂಡ ಮೇಲೆ ಹೊಲ ಮನೆ ಜಗಳವಿಲ್ಲದೆ ಪಾಲಾಗಿತ್ತು. ಗಿರಣಿಯೊಂದು ಉಳಿದಿತ್ತು. ಚಿಕ್ಕವನ ಅನ್ನ ಅದರಲ್ಲೇ ಇತ್ತು, ಬೇರೆ ಕಸುಬು ಅವನಿಗೆ ಬರುತ್ತಿರಲಿಲ್ಲ. ಆದರೆ ಬಿಟ್ಟಿಯಾಗಿ ಕೊಡಲು ದೊಡ್ಡವನ ಹೆಂಡತಿ ಒಪ್ಪಿರಲಿಲ್ಲ, ಅದರಲ್ಲಿ ತಪ್ಪೂ ಇಲ್ಲ. ಅದಕ್ಕೇ ಸವಾಲು.

ಗಂಟೆಗೆ ಮೊದಲೇ ತಲುಪುವವನು ನಾನು. ಹಿತ್ತಲಲ್ಲಿ ಕೈಕಾಲು ತೊಳೆಯುವಾಗ ತಾಯಿ ನೀರು ಹಾಕುವ ನೆಪದಲ್ಲಿ ಹತ್ತಿರ ಬಂದರು. ಬಗ್ಗಿದ ಬೆನ್ನು, ಮೆತ್ತನೆ ಮಾತು. ಅವರ ಮನೆಯಲ್ಲಿ ಟೀವಿ ಇರಲಿಲ್ಲ. ನಾನು ಅವರ ಪಾಲಿಗೆ ಹಿಂದೆ ಪಕ್ಕದೂರಿನಲ್ಲಿ ಅವರ ತವರಿನ ಪಾಲು ಕೂಗಿದವನು, ಅಷ್ಟೇ.

"ಎರಡು ಕೂಗಿದ ಮ್ಯಾಲೆ ನಂಗೊಂದು ಗಳಿಗೆ ಕೊಡಪ್ಪ" ಅಂದರು. "ದೊಡ್ಡೋನು ನನ್ನ ಮಾತು ತೆಗೆದುಹಾಕಲ್ಲ. ಈಗ್ಲೇ ಹೇಳಿದ್ರೆ ತಮ್ಮನ ಕಡೆ ಅಂತ ಸೊಸೆ ಮುನಿಸ್ಕಂತಾಳೆ. ಬೆಲೆ ನಿಂತ ಮ್ಯಾಲೆ ಹೇಳ್ತೀನಿ."

"ಅದು ಇದ್ದೇ ಇರ್ತದಲ್ಲಮ್ಮ" ಎಂದೆ. ಮೂವತ್ತು ಸಲ ಬೇರೆ ಬೇರೆ ಮನೆಗಳಲ್ಲಿ ಹೇಳಿದ ಮಾತು. ಯೋಚನೆ ಮಾಡಿ ಹೇಳಿದ್ದಲ್ಲ.

ಹೊರಗೆ ಬಂದಾಗ ಅಂಗಳ ತುಂಬಿತ್ತು. ಗೋಡೆಯ ಮೇಲೆ, ಎತ್ತಿನ ಗಾಡಿಯ ಮೂಕಿಯ ಮೇಲೆ, ಬೈಕುಗಳ ಮೇಲೆ ಹುಡುಗರು. ಮನೆಯ ವಿಷಯ, ಹೊರಗಿನವರು ಹೋಗಿ ಎಂದು ಊರ ಹಿರಿಯರೊಬ್ಬರು ಹೇಳಿದರು. ಟೀವಿಯೋರು ಬಂದಿರೋದು ನೋಡಿ ಹೋಗ್ತೀವಿ ತಾತ, ಎಂದು ಯಾರೋ ಅಂದರು. ಹಿರಿಯರು ನನ್ನ ಮುಖ ನೋಡಿದರು. ಕಳಿಸಬೇಕಾದವನು ನಾನು. ಅದು ಕೂಗುವವನ ಅಧಿಕಾರ. ಇರಲಿ ಬಿಡ್ರಿ, ಸದ್ದು ಮಾಡದೆ ಕುಂತ್ಕಳ್ಳಲಿ ಎಂದೆ. ಅಷ್ಟು ಜನ ನನ್ನನ್ನು ನೋಡಲು ಬಂದಿದ್ದರು ಎಂಬುದು ನನಗೆ ಹಿತವಾಗಿತ್ತು.

ಸವಾಲು ನಿಯಮದ ಪ್ರಕಾರವೇ ಶುರುವಾಯಿತು. ಚಿಕ್ಕವನು ಕೂಗಿದ, ದೊಡ್ಡವನು ಏರಿಸಿದ. ಚಿಕ್ಕವನು ಇನ್ನೊಂದಿಷ್ಟು ಏರಿಸಿದ, ಹೆಂಡತಿಯ ಕಡೆ ನೋಡಿದ. ದೊಡ್ಡವನು ಮತ್ತೊಮ್ಮೆ ಏರಿಸಿದ. ಚಿಕ್ಕವನು ತಲೆ ತಗ್ಗಿಸಿ ನೆಲ ನೋಡುತ್ತ ಕೂತ. ಅವನ ಶಕ್ತಿ ಅಲ್ಲಿಗೆ ಮುಗಿದಿತ್ತು, ಬೆಲೆಯೂ ನ್ಯಾಯವಾಗಿ ನಿಂತಿತ್ತು. ಎಲ್ಲ ಇರಬೇಕಾದ ಹಾಗೆಯೇ ಇತ್ತು.

ಒಂದ್ಸಾರಿ ಎಂದೆ. ಎರಡ್ಸಾರಿ ಎಂದೆ. ಚೊಂಬು ಎತ್ತಿದೆ.

ಬಾಗಿಲ ಬಳಿ ಕೂತಿದ್ದ ತಾಯಿ ಒಂದು ಕೈ ನೆಲಕ್ಕೂರಿ ಏಳತೊಡಗಿದರು. ಅದನ್ನು ನಾನು ಕಂಡೆ. ಅಷ್ಟರಲ್ಲಿ ಬೈಕುಗಳ ಮೇಲಿದ್ದ ಹುಡುಗರು ಟ್ಯಾಂಕುಗಳನ್ನು ಡೋಲಿನಂತೆ ಬಡಿಯತೊಡಗಿದರು, ಮರುಗಳಿಗೆಗೆ ಇಡೀ ಅಂಗಳ ಮೂರ್ಸಾರಿ ಎಂದು ಕಿರುಚಿತು. ಚಪ್ಪಾಳೆ, ಸಿಳ್ಳೆ. ನಾಲ್ಕಾರು ಜನ ನುಗ್ಗಿ ದೊಡ್ಡವನ ಕೈ ಕುಲುಕಿದರು. ತಾಯಿ ಅರ್ಧ ಎದ್ದವರು ಹಾಗೇ ಕೂತರು.

ಸದ್ದು ತಗ್ಗಿದ ಮೇಲೆ ಅವರು, "ನೀನು ಎರಡೇ ಕೂಗಿದ್ದು" ಅಂದರು. ಬೈಯಲಿಲ್ಲ. ಲೆಕ್ಕ ತಪ್ಪಿದವನಿಗೆ ತಿದ್ದಿ ಹೇಳುವ ಹಾಗೆ ಹೇಳಿದರು.

ನಾನು ಬಾಯಿ ತೆರೆಯುವ ಮೊದಲೇ ಚಿಕ್ಕವನು ಎದ್ದ. "ಬಿಡಮ್ಮ, ಕೂಗಾತು" ಎಂದು ಗಿರಣಿಯ ಒಳಗೆ ಹೋದ.

ಊಟಕ್ಕೆ ಕರೆದರು. ನಾನು ಹೋಗಲಿಲ್ಲ. ದೊಡ್ಡವನನ್ನು ಮನೆಯ ಹಿಂದಕ್ಕೆ ಕರೆದುಕೊಂಡು ಹೋಗಿ, ಮೂರನೆಯದು ನನ್ನ ಕೂಗಲ್ಲ, ಅದು ಸಲ್ಲುವುದಿಲ್ಲ, ನೀವು ಒಪ್ಪಿದರೆ ಜನರನ್ನು ಕಳಿಸಿ ಮತ್ತೆ ಕೂಗುತ್ತೇನೆ ಎಂದೆ.

ಅವನು ಕೆಟ್ಟವನಲ್ಲ. ಅಂಗಿಯ ತೋಳು ಮಡಿಸಿಕೊಂಡ. "ನೀವು ಕೈ ಎತ್ತಿದ್ರಲ್ಲ ಸಾರ್" ಅಂದ.

ನನಗೆ ತಿಳಿಯಲಿಲ್ಲ. ಅವನೇ ತೋರಿಸಿದ, ತನ್ನ ಬರಿಗೈಯನ್ನು ತಲೆಯ ಮೇಲೆ ಎತ್ತಿ. ಜನ ಕಿರುಚಿದ ಕೂಡಲೇ ನಾನು ನಕ್ಕಿದ್ದೆ, ಚೊಂಬನ್ನು ಮೇಲೆತ್ತಿ ಅಂಗಳದ ಸುತ್ತ ತೋರಿಸಿದ್ದೆ. ಅದು ನನಗೇ ಗೊತ್ತಿರಲಿಲ್ಲ. ಅಂಗಿಯ ಹೆಗಲು ಮುಟ್ಟಿ ನೋಡಿಕೊಂಡೆ, ಚೊಂಬಿನ ನೀರು ಚೆಲ್ಲಿ ಒದ್ದೆಯಾಗಿತ್ತು.

"ನೀವು ಒಪ್ಪಿದ್ರಿ ಅಂತ ನಾನು ತಿಳ್ಕಂಡೆ" ಅಂದ. "ಈಗ ಬಿಟ್ಟುಕೊಟ್ರೆ, ದುಡ್ಡಿಲ್ಲದೆ ಕೂಗಿದ್ದ, ಹೆದ್ರಿ ಬಿಟ್ಟ ಅಂತ ಊರೇ ಆಡ್ಕಂತೈತೆ. ಹೆಂಡ್ತಿ ಮುಂದೆ ಹೆಂಗೆ ನಿಲ್ಲಲಿ?" ಮತ್ತೆ ತೋಳು ಬಿಚ್ಚಿ ಮಡಿಸಿದ. "ಅಮ್ಮ ಏನಾದ್ರೂ ಅಂತಾಳೆ ಅಂತ ನಾನೂ ಕಾಯ್ತಿದ್ದೆ ಸಾರ್."



ಇದಾದ ಮೇಲೆ ಟೀವಿ ಬಿಟ್ಟೆ ಎಂದು ಬರೆದರೆ ಓದುವವರಿಗೆ ಸಮಾಧಾನವಾದೀತು. ಬಿಡಲಿಲ್ಲ. ಮರುವಾರ ಬೆಂಗಳೂರಿನ ಬಸ್ಸು ಹತ್ತಿದೆ, ಮೀಸೆ ಅಂಟಿಸಿಕೊಂಡೆ. ಕಾರ್ಯಕ್ರಮ ತಾನಾಗಿ ನಿಲ್ಲುವವರೆಗೆ ಹೋದೆ. ಚೊಂಬು ಮಾತ್ರ ಮನೆಯಲ್ಲಿ ಬಿಟ್ಟೆ, ಅವರು ಅಂಥದ್ದೇ ಒಂದನ್ನು ಪೇಟೆಯಿಂದ ತಂದುಕೊಂಡರು, ಜನರಿಗೆ ವ್ಯತ್ಯಾಸ ಗೊತ್ತಾಗಲಿಲ್ಲ. ಪಾಲಿನ ಸವಾಲಿಗೆ ನನ್ನನ್ನು ಕರೆಯುವುದು ಆಮೇಲೆ ನಿಂತುಹೋಯಿತು. ಯಾರೂ ಕಾರಣ ಹೇಳಲಿಲ್ಲ, ನಾನೂ ಕೇಳಲಿಲ್ಲ.

ಆ ದಿನ ಇನ್ನೊಂದು ಕೆಲಸ ಉಳಿದಿತ್ತು. ಸವಾಲಾದ ವಸ್ತುವನ್ನು ಕೂಗುವವನೇ, ಅಂದರೆ ನಾನೇ, ಗೆದ್ದವನಿಗೆ ಕೈದಾಟಿಸಬೇಕು. ಮಧ್ಯಾಹ್ನ ಮೂರರ ಹೊತ್ತಿಗೆ ದೊಡ್ಡವನನ್ನು ಕರೆದುಕೊಂಡು ಗಿರಣಿಗೆ ಹೋದೆ. ಜನ ಚದುರಿದ್ದರು. ಒಳಗೆ ಯಂತ್ರ ಓಡುತ್ತಿತ್ತು. ಬೆಳಿಗ್ಗೆ ಯಾರೋ ಹೆಂಗಸು ಇಟ್ಟುಹೋದ ಒಂದು ಪುಟ್ಟಿ ರಾಗಿ ಉಳಿದಿತ್ತಂತೆ. ಇದೊಂದು ಬೀಸಿ ಕೊಡ್ತೀನಿ, ನಿಂತ್ಕಳ್ರಿ, ಎಂದ ಚಿಕ್ಕವನು. ನಿಂತೆವು. ಹಿಟ್ಟು ಬೀಳುವ ಕಡೆ ಕೈಯೊಡ್ಡಿ, ಬೆರಳಲ್ಲಿ ತಿಕ್ಕಿ ನೋಡಿ, ಒಂದು ತಿರುಪನ್ನು ಸ್ವಲ್ಪ ಬಿಗಿ ಮಾಡಿದ. ರಾಗಿ ಮುಗಿಯಿತು. ಯಂತ್ರ ನಿಲ್ಲಿಸಿದ, ಬೆಲ್ಟು ಕಳಚಿ ಮೊಳೆಗೆ ಹಾಕಿದ, ಕಾಳು ಸುರಿಯುವ ಬಾಯಿಯನ್ನು ಬಟ್ಟೆಯಿಂದ ಒರೆಸಿದ, ನೆಲ ಗುಡಿಸಿದ. ಪುಟ್ಟಿಯನ್ನು ಹೊರಗಿನ ಕಟ್ಟೆಯ ಮೇಲಿಟ್ಟು ಮೇಲೆ ಬಟ್ಟೆ ಮುಚ್ಚಿದ.

ಬೀಗ, ಬೀಗದ ಕೈ ಎರಡನ್ನೂ ನನ್ನ ಕೈಗೆ ಕೊಟ್ಟ. ನಾನು ದೊಡ್ಡವನಿಗೆ ಕೊಟ್ಟೆ. ಅವನು ಬಾಗಿಲು ಎಳೆದು ಬೀಗ ಹಾಕಲು ಹೋದ. ಹಳೇ ಬಾಗಿಲು ಜೋತಿತ್ತು, ಬೀಗ ಒತ್ತಿದರೂ ಕೂರಲಿಲ್ಲ. ಒಂದೆರಡು ಸಲ ಒತ್ತಿ ತಮ್ಮನ ಕಡೆ ನೋಡಿದ. ಚಿಕ್ಕವನು ಬಂದು, ಬಾಗಿಲನ್ನು ಮೊಣಕಾಲಿನಿಂದ ಸ್ವಲ್ಪ ಮೇಲಕ್ಕೆತ್ತಿ ಹಿಡಿದ. ಬೀಗ ಬಿತ್ತು.